ಕೀಲೆಣ್ಣೆಯ ಬಣ್ಣ

ಸಂಸ್ಕೃತದಲ್ಲಿ ‘ಸ್ನೇಹ’ವೆಂದರೆ ಎಣ್ಣೆಯೂ ಹೌದು, ಪ್ರೀತಿಯೂ ಹೌದು. ಎರಡು ಲೋಹಗಳ ನಡುವೆ ತೆಳುವಾದ ಪೊರೆಯಾಗಿ ನಿಂತು, ಅವು ಒಂದನ್ನೊಂದು ತಿಕ್ಕಿ ಸವೆಯದಂತೆ ಕಾಯುವ ಕೀಲೆಣ್ಣೆಗೆ ಈ ಹೆಸರು ಚೆನ್ನಾಗಿಯೇ ಒಪ್ಪುತ್ತದೆ. ಆದರೆ ಅದು ಕೆಟ್ಟಿದೆಯೇ ಎಂಬುದನ್ನು ಕಣ್ಣಿಂದ ನೋಡಿ ತಿಳಿಯುವುದು ಹೇಗೆ? ಈ ಪಾಠವನ್ನು ನಾನು ಕಲಿತದ್ದು ನಷ್ಟಪಟ್ಟು.

ಮೂಡುಬಿದಿರೆಯ ಸಮೀಪದ ನಮ್ಮ ಅಡಿಕೆ ತೋಟಕ್ಕೆ ನೀರುಣಿಸುತ್ತಿದ್ದುದು ಒಂದು ಡೀಸೆಲ್ ಪಂಪು. ಎಣ್ಣೆ ಬದಲಿಸಿದ ಕೆಲವೇ ದಿನಗಳಲ್ಲಿ ಅದು ಮಸಿಯಂತಾಗುವುದನ್ನು ಕಂಡು, ಮಾಲೇ ಕಳಪೆಯೆಂದು ಗೊಣಗುತ್ತ ನಾನು ಮತ್ತೆ ಮತ್ತೆ ಹೊಸ ಎಣ್ಣೆ ತುಂಬುತ್ತಿದ್ದೆ. ಒಂದು ಬೇಸಗೆಯಲ್ಲಿ ಅಳತೆಯ ಕಡ್ಡಿಯನ್ನು ಎಳೆದು ನೋಡಿದರೆ ಎಣ್ಣೆ ಬೆಳ್ಳಗೆ ಬೂದಿಬಣ್ಣಕ್ಕೆ ತಿರುಗಿತ್ತು. ಮಟ್ಟವೂ ಕೊಂಚ ಏರಿತ್ತು. ಎಣ್ಣೆ ಖರ್ಚಾಗಿಲ್ಲವೆಂದು ಹಿಗ್ಗಿದೆ. ವಾರದೊಳಗೆ ಬೇರಿಂಗು ಸುಟ್ಟು ಎಂಜಿನು ಬಿಗಿದು ನಿಂತಿತು. ಅದು ದುರಸ್ತಿಯಾಗಿ ಬರುವಷ್ಟರಲ್ಲಿ ಹೊಸದಾಗಿ ನೆಟ್ಟ ಸಸಿಗಳು ಒಣಗಿಹೋಗಿದ್ದವು.

ಅದನ್ನು ಬಿಚ್ಚಿ ನೋಡಿದ ಬಂಟ್ವಾಳದ ಹಿರಿಯ ಮೆಕ್ಯಾನಿಕರೊಬ್ಬರು, “ಮಾಸ್ಟ್ರೇ, ಕಪ್ಪಾದದ್ದಕ್ಕೆ ಹೆದರಿದಿರಿ, ಬೆಳ್ಳಗಾದದ್ದನ್ನು ನಂಬಿದಿರಿ” ಎಂದರು.

ಡೀಸೆಲ್ ಉರಿಯುವಾಗ ಮಸಿ ಹುಟ್ಟುತ್ತದೆ. ಅದು ಒಂದೆಡೆ ಗಟ್ಟಿಯಾಗಿ ಕೂರದಂತೆ, ಎಣ್ಣೆಯಲ್ಲೇ ಚದರಿ ತೇಲುವಂತೆ ಮಾಡುವ ರಾಸಾಯನಿಕಗಳನ್ನು ತಯಾರಕರು ಅದರಲ್ಲಿ ಬೆರೆಸಿರುತ್ತಾರೆ. ಬೆಳ್ತಂಗಡಿಯಿಂದ ಚಾರ್ಮಾಡಿ ಘಾಟಿ ಹತ್ತುವ ಬಸ್ಸಿನ ಎಣ್ಣೆ ಕಪ್ಪಾಗಿದ್ದರೆ, ಅದು ತನ್ನ ಕೆಲಸ ಮಾಡುತ್ತಿದೆ ಎಂದಷ್ಟೇ ಅರ್ಥ. ಬೆಳ್ಳಗಾಗುವುದು ನೀರು ಸೇರಿದಾಗ. ನನ್ನ ಎಂಜಿನಿನಲ್ಲಿ ಹೆಡ್ ಗ್ಯಾಸ್ಕೆಟ್ ಸೀಳಿ, ತಂಪುಗೊಳಿಸುವ ನೀರು ಎಣ್ಣೆಗಿಳಿದಿತ್ತು. ಮಟ್ಟ ಏರಿದ್ದರ ಗುಟ್ಟು ಇಷ್ಟೆ. 1923ರ ನೇತ್ರಾವತಿಯ ನೆರೆಯನ್ನು ಹಿರಿಯರ ಬಾಯಿಂದ ಕೇಳಿದ ಊರಿನವನಿಗೆ, ನೀರು ಏರುವುದು ಲಾಭದ ಲಕ್ಷಣವಲ್ಲವೆಂದು ಹೊಳೆಯಬೇಕಿತ್ತು!

ಅವರು ಕಲಿಸಿದ ಪರೀಕ್ಷೆ ಸುಲಭವಾದದ್ದು. ಎಂಜಿನನ್ನು ಕೆಲಕಾಲ ಓಡಿಸಿ ನಿಲ್ಲಿಸಿ, ಒಣಗಿದ ಶುಭ್ರ ಸೀಸೆಯಲ್ಲಿ ಸ್ವಲ್ಪ ಎಣ್ಣೆ ಹಿಡಿದು ಬಿಸಿಲಿಗೆ ಒಡ್ಡಬೇಕು. ಹಾಲು ಬೆರೆತಂತಿದ್ದರೆ ನೀರಿದೆ. ಹೊಳೆಯುವ ಕಣಗಳಿದ್ದರೆ ಲೋಹ ಸವೆಯುತ್ತಿದೆ. ಇನ್ನೊಂದು ಹನಿಯನ್ನು ಒತ್ತುಕಾಗದದ ಮೇಲೆ ಬಿಟ್ಟು ಕೆಲವು ಗಂಟೆ ಕಾಯಬೇಕು. ಕಲೆ ಸಮನಾಗಿ ಹರಡಿದರೆ ಎಣ್ಣೆಗೆ ಇನ್ನೂ ಮಸಿ ಹೊರುವ ಕಸುವಿದೆ. ಕಾಡಿಗೆಯ ಬೊಟ್ಟಿನಂತೆ ನಡುವೆಯೇ ದಟ್ಟವಾಗಿ ನಿಂತರೆ ಬದಲಿಸುವ ಕಾಲ ಬಂದಿದೆ.

ಆದರೂ ಕಣ್ಣಿಗೆ ಮಿತಿಯಿದೆ. ಎಣ್ಣೆಯಲ್ಲಿ ಕರಗಿದ ಅಲ್ಪ ನೀರು, ಹೆಚ್ಚಿದ ಆಮ್ಲ, ಕುಗ್ಗಿದ ಸ್ನಿಗ್ಧತೆ ಇವೆಲ್ಲ ಪ್ರಯೋಗಶಾಲೆಗಷ್ಟೇ ಸಿಕ್ಕುವಂಥವು. ನೋಟಕ್ಕೆ ಚೆನ್ನಾಗಿ ಕಂಡ ಎಣ್ಣೆ ಒಳ್ಳೆಯದೆಂದು ಕಣ್ಣು ಪ್ರಮಾಣಪತ್ರ ಕೊಡಲಾರದು; ಕೆಟ್ಟದ್ದರ ಸೂಚನೆ ಕೊಡಬಲ್ಲುದು, ಅಷ್ಟೆ. ಆ ಸೂಚನೆಯನ್ನು ಓದಲು ಬಂದಿದ್ದರೆ ನನ್ನ ಸಸಿಗಳು ಇಂದು ಫಲ ಕೊಡುತ್ತಿದ್ದವು.