ಹೈದರ್: ಸಿಂಹನಾಮದ ಹಿರಿಮೆ

ಚನ್ನರಾಯಪಟ್ಟಣವು ಮೊದಲು ಕೊಳತೂರೆಂಬ ಊರಾಗಿದ್ದಿತು. ಸುಮಾರು 1600ರಲ್ಲಿ ಹೊಳೆನರಸೀಪುರದ ಪಾಳೆಯಗಾರ ಲಕ್ಷ್ಮಪ್ಪ ನಾಯಕನು ಅದನ್ನು ಗೆದ್ದು, ಚನ್ನರಾಯಸ್ವಾಮಿಗೆ ಹರಕೆ ಹೊತ್ತು ಪಡೆದು ಆ ದೇವರ ಹೆಸರನ್ನೇ ಇಟ್ಟಿದ್ದ ತನ್ನ ಮಗನಿಗೆ ಜಹಗೀರಾಗಿ ಕೊಡಲು, ಊರಿಗೂ ಆ ಹೆಸರೇ ನಿಂತಿತು. ಅನಂತರ ದೊಡ್ಡಬಸವಯ್ಯನೆಂಬಾತನು ಅಲ್ಲಿ ಕೋಟೆ ಕಟ್ಟಿಸಿದನು. ಆ ಕೋಟೆಗೆ ನೀರು ತುಂಬಿದ ಕಂದಕವನ್ನೂ ಅಡ್ಡಗೋಡೆಗಳ ಮರೆಯುಳ್ಳ ಬಾಗಿಲುಗಳನ್ನೂ ಸೇರಿಸಿದವನು ಹೈದರಾಲಿ. ಚನ್ನರಾಯನೆಂಬ ಹೆಸರಿನಲ್ಲಿ ತಂದೆಯೊಬ್ಬನ ಭಕ್ತಿ ಅಡಗಿರುವಂತೆಯೇ ಹೈದರನೆಂಬ ಹೆಸರಿನಲ್ಲಿಯೂ ಒಂದು ಭಕ್ತಿಯ ಪರಂಪರೆ ಅಡಗಿದೆ. ಆದರೆ ಕನ್ನಡಿಗರಲ್ಲಿ ಅದನ್ನು ಬಲ್ಲವರು ವಿರಳ.

ಅರಬೀ ಭಾಷೆಯಲ್ಲಿ ಹೈದರ್ ಎಂದರೆ ಸಿಂಹ. ಮರುಭೂಮಿಯ ಅರಬರು ಮೃಗರಾಜನಿಗೆ ಕೊಟ್ಟ ಹೆಸರುಗಳು ಹಲವು: ಅಸದ್, ಲೈಸ್, ಅಬ್ಬಾಸ್ ಮೊದಲಾದುವೆಲ್ಲ ಸಿಂಹವಾಚಕಗಳೇ ಆಗಿದ್ದು, ಎಲ್ಲವೂ ಗಂಡುಮಕ್ಕಳ ನಾಮಧೇಯಗಳಾಗಿವೆ. ಇವುಗಳಲ್ಲಿ ಹೈದರ್ ಎಂಬುದಕ್ಕೆ ವಿಶೇಷ ಗೌರವ ದೊರೆತುದು ಪ್ರವಾದಿ ಮಹಮ್ಮದರ ಅಳಿಯನಾದ ಅಲಿಯಿಂದ. ಕ್ರಿ.ಶ. 628ರ ಖೈಬರ್ ಕಾಳಗದಲ್ಲಿ ಎದುರಾಳಿಯು ತನ್ನ ಪರಾಕ್ರಮವನ್ನು ಕೊಚ್ಚಿಕೊಂಡಾಗ, ತಾಯಿ ತನಗಿಟ್ಟ ಹೆಸರು ಹೈದರನೆಂದು ಅಲಿ ಉತ್ತರವಿತ್ತನೆಂಬುದು ಪರಂಪರಾಗತ ಕಥನ. ಆ ತಾಯಿ ಫಾತಿಮಾಳ ತಂದೆಯ ಹೆಸರು ಅಸದ್. ಅದರ ಅರ್ಥವೂ ಸಿಂಹವೇ. ಹೀಗೆ ಮಾತಾಮಹನ ಹೆಸರಿನ ಭಾವವು ಮೊಮ್ಮಗನಲ್ಲಿ ಮರಳಿ ಬಾಳಿತು. ಅಲಿ ಎಂಬುದಕ್ಕೆ ಉನ್ನತನೆಂದು ಅರ್ಥವಾದುದರಿಂದ, ಹೈದರಾಲಿ ಎಂಬ ಜೋಡಿನಾಮದಲ್ಲಿ ಬಿರುದು ಮತ್ತು ಅಂಕಿತ ಎರಡೂ ಸೇರಿ ಒಬ್ಬನೇ ವೀರನನ್ನು ಸ್ಮರಿಸುತ್ತವೆ.

ಅರಬೀಯಲ್ಲಿ ಗಂಟಲಿನಾಳದಿಂದ ಹೊರಡುವ ಈ ಹೆಸರಿನ ಹಕಾರವು ಪಾರಸೀಕರ ನಾಲಗೆಯಲ್ಲಿ ಮೃದುವಾಯಿತು. ಇರಾನಿನಲ್ಲಿ ಅಲಿಯ ಭಕ್ತಿ ಹಬ್ಬಿದಂತೆ ಹೆಸರೂ ಹಬ್ಬಿ, ಸಫವೀ ರಾಜವಂಶದ ಸ್ಥಾಪಕನ ತಂದೆಗೆ ಅದೇ ನಾಮಧೇಯವಾಯಿತು. ಪಾರಸೀಯನ್ನು ರಾಜಭಾಷೆಯಾಗಿ ಆದರಿಸಿದ ದಖ್ಖನ್ನಿನ ಸುಲ್ತಾನರ ಕಾಲದಲ್ಲಿ ಅದು ದಕ್ಷಿಣಕ್ಕೂ ಇಳಿಯಿತು. 1591ರಲ್ಲಿ ಸ್ಥಾಪಿತವಾದ ಹೈದರಾಬಾದು ಅಲಿಯ ಈ ಬಿರುದನ್ನೇ ಧರಿಸಿರುವ ನಗರ. ಕೋಲಾರ ಸೀಮೆಯ ಬೂದಿಕೋಟೆಯಲ್ಲಿ ಜನಿಸಿ, 1782ರ ಡಿಸೆಂಬರ್ 7ರಂದು ಚಿತ್ತೂರಿನ ಸಮೀಪದ ಪಾಳೆಯದಲ್ಲಿ ಮೃತನಾದ ಹೈದರಾಲಿಯಿಂದ ಕನ್ನಡ ನಾಡಿನಲ್ಲಿ ಈ ಹೆಸರು ಮನೆಮಾತಾಯಿತು. ಅವನ ಚಿನ್ನದ ವರಹಗಳ ಒಂದು ಮಗ್ಗುಲಲ್ಲಿ ಶಿವಪಾರ್ವತಿಯರ ಮೂರ್ತಿಯೂ, ಮತ್ತೊಂದು ಮಗ್ಗುಲಲ್ಲಿ ಅವನ ಹೆಸರಿನ ಮೊದಲಕ್ಷರವಾದ ಅರಬೀ ಹಕಾರವೂ ಅಂಕಿತವಾಗಿವೆ.

ಸಿಂಹನಾಮವು ಚನ್ನರಾಯಪಟ್ಟಣವಿರುವ ಹಾಸನದ ಸೀಮೆಗೆ ಅಪರಿಚಿತವಲ್ಲ. ಹೊಯ್ಸಳರ ಲಾಂಛನದಲ್ಲಿ ಸಳನು ಎದುರಿಸುವುದು ಸಿಂಹವನ್ನು. ಹೇಮಾವತಿಯ ತಡಿಯ ಹೊಳೆನರಸೀಪುರದ ಹೆಸರಿನಲ್ಲಿರುವವನು ನರಸಿಂಹ. ಹಾಸನಕ್ಕೆ ಹಾಸನಾಂಬೆಯ ಹೆಸರಿನೊಡನೆ ಸಿಂಹಾಸನಪುರಿಯೆಂಬ ಪೌರಾಣಿಕ ನಾಮವೂ ಪ್ರಚಲಿತವಾಗಿದೆ. ಅರಕಲಗೂಡಿನಲ್ಲೋ ಚನ್ನರಾಯಪಟ್ಟಣದಲ್ಲೋ ಒಂದು ಮನೆಯವರು ಮಗುವನ್ನು ನರಸಿಂಹನೆಂದು ಕರೆದು, ನೆರೆಮನೆಯವರು ಹೈದರನೆಂದು ಕರೆದರೆ, ಇಬ್ಬರೂ ಬೇಡಿದ್ದು ಅಂಜದೆ ನಿಲ್ಲುವ, ಆಶ್ರಿತರನ್ನು ಕಾಯುವ ಮಗನನ್ನೇ. ನೆರೆಯವನನ್ನು ದಿನವೂ ಹೆಸರು ಹಿಡಿದು ಕೂಗುವ ನಾವು ಆ ಹೆಸರಿನ ಅರ್ಥವನ್ನೂ ಅರಿತಿರುವುದು ಸಹಜೀವನದ ಮೊದಲ ಸೌಜನ್ಯ.