ಮಾನ್ವಿಯಿಂದ ಬಟುಮಿ ಎಷ್ಟು ದೂರ?

2025ರ ಜುಲೈ 28. ಜಾರ್ಜಿಯಾ ದೇಶದ ಬಟುಮಿ ಅನ್ನೋ ಊರಿನಿಂದ ಬಂದ ಸುದ್ದಿಯನ್ನು ಅವತ್ತು ಓದಿದ್ದು ನಾನೇ. ಮಹಿಳಾ ವಿಶ್ವಕಪ್ ಚೆಸ್‌ನ ಫೈನಲ್‌ನಲ್ಲಿ ಆಡಿದವರಿಬ್ಬರೂ ಭಾರತೀಯರು. ನಾಗಪುರದ 19 ವರ್ಷದ ದಿವ್ಯಾ ದೇಶಮುಖ್, ಎರಡು ಸಲ ವಿಶ್ವ ರ್‍ಯಾಪಿಡ್ ಚಾಂಪಿಯನ್ ಆಗಿದ್ದ ಕೋನೇರು ಹಂಪಿಯವರನ್ನು ಟೈಬ್ರೇಕ್‌ನಲ್ಲಿ ಸೋಲಿಸಿದರು. ಜೊತೆಗೇ ಭಾರತದ 88ನೇ ಗ್ರ್ಯಾಂಡ್‌ಮಾಸ್ಟರ್ ಆದರು. ಆಟ ಮುಗಿಸಿ ಎದ್ದು ಬಂದು ಅಮ್ಮನನ್ನು ತಬ್ಬಿಕೊಂಡು ಅತ್ತರಲ್ಲ, ಆ ದೃಶ್ಯವನ್ನು ನಾವು ಎಷ್ಟು ಸಲ ತೋರಿಸಿದೆವೋ ಲೆಕ್ಕವಿಲ್ಲ.

ಅದಾಗಿ ಕೆಲವು ವಾರಗಳ ನಂತರ ಬೇರೆ ಯಾವುದೋ ವರದಿಗೆ ರಾಯಚೂರಿಗೆ ಹೋಗಿದ್ದೆ. ಸ್ಟೇಷನ್ ರಸ್ತೆಯ ಹೋಟೆಲಿನಲ್ಲಿ ಮಂಡಕ್ಕಿ ಒಗ್ಗರಣೆ ತಿನ್ನುತ್ತಿದ್ದಾಗ ಒಬ್ಬರು ಮಗಳ ಕೈ ಹಿಡಿದುಕೊಂಡು ಬಂದರು. ಮಾನ್ವಿಯವರು, ಅಕ್ಕಿ ಗಿರಣಿಯಲ್ಲಿ ಲೆಕ್ಕ ಬರೆಯುವ ಕೆಲಸ. "ಸರ, ನಿಮ್ಮನ್ನ ಟಿವಿಯಾಗ ನೋಡ್ತೀವ್ರಿ. ಇಕಿ ಚೆಸ್ ಚಲೋ ಆಡ್ತಾಳ. ದೇವದುರ್ಗದಾಗ ಇಕಿ ಸೋದರಮಾವ ಅದಾರ, ರಜಾದಾಗ ಅವರೇ ಕಲಿಸ್ಯಾರ. ಈಗ ಅವರನ್ನೇ ಸೋಲಿಸ್ತಾಳ್ರಿ. ಇದರಾಗ ಮುಂದ ಏನರ ಐತೇನ್ರಿ?"

ಟಿವಿಯಲ್ಲಾದರೆ "ಛಲವಿದ್ದರೆ ಎಲ್ಲವೂ ಸಾಧ್ಯ" ಅಂದು ಬ್ರೇಕ್‌ಗೆ ಹೋಗಿಬಿಡ್ತಿದ್ದೆ. ಎದುರಿಗೆ ಕೂತ ಅಪ್ಪನಿಗೆ ಹಾಗೆ ಹೇಳೋಕಾಗುತ್ತಾ?

ಗ್ರ್ಯಾಂಡ್‌ಮಾಸ್ಟರ್ ಅನ್ನೋದು ಒಂದು ಪಂದ್ಯ ಗೆದ್ದರೆ ಕೊಡೋ ಕಪ್ ಅಲ್ಲ. ವಿಶ್ವ ಚೆಸ್ ಸಂಸ್ಥೆ ಫಿಡೆ ಕೊಡೋ ಪದವಿ. ಅದಕ್ಕೆ ಎರಡು ಷರತ್ತು. ರೇಟಿಂಗ್ 2500 ಮುಟ್ಟಬೇಕು. ಜೊತೆಗೆ ಮೂರು "ನಾರ್ಮ್" ಗಳಿಸಬೇಕು. ನಾರ್ಮ್ ಅಂದರೆ, ಬಲವಾದ ಟೂರ್ನಿಯೊಂದರಲ್ಲಿ ನಿಮ್ಮ ಆಟದ ಮಟ್ಟ 2600 ತಲುಪಬೇಕು. ಎದುರಾಳಿಗಳಲ್ಲಿ ಕನಿಷ್ಠ ಮೂವರು ಗ್ರ್ಯಾಂಡ್‌ಮಾಸ್ಟರ್‌ಗಳಿರಬೇಕು, ಹೊರದೇಶದವರೂ ಇರಬೇಕು. ದಿವ್ಯಾ ಬಟುಮಿಗೆ ಹೋದಾಗ ಅವರ ಕೈಯಲ್ಲಿ ಇಂಥ ಒಂದು ನಾರ್ಮ್ ಕೂಡ ಇರಲಿಲ್ಲ. ವಿಶ್ವಕಪ್ ಗೆದ್ದವರಿಗೆ ನೇರವಾಗಿ ಪದವಿ ಕೊಡುವ ನಿಯಮವಿದೆ, ಹಾಗಾಗಿ ಒಂದೇ ನೆಗೆತಕ್ಕೆ ದಾಟಿದರು. ಎಲ್ಲರೂ ಹಾಗೆ ದಾಟೋಕಾಗಲ್ಲ.

ಈಗ ರೇಟಿಂಗ್ ವಿಚಾರ. ನಾನು ಇಂಜಿನಿಯರಿಂಗ್ ಓದಿದವನು, ಕೋಡಿಂಗ್ ಬಿಟ್ಟು ಮೈಕ್ ಹಿಡಿದವನು. ಲೆಕ್ಕ ಕಂಡರೆ ಇವತ್ತಿಗೂ ಕೈ ತುರಿಸುತ್ತೆ. ಹೋಟೆಲಿನ ಬಿಲ್ಲಿನ ಹಿಂಭಾಗದಲ್ಲೇ ಬರೆದು ತೋರಿಸಿದೆ.

ಆರ್ಪಾಡ್ ಇಲೋ ಅನ್ನೋ ಪ್ರೊಫೆಸರ್ ರೂಪಿಸಿದ ಈ ಪದ್ಧತಿಯನ್ನು ಫಿಡೆ 1970ರಲ್ಲಿ ಒಪ್ಪಿಕೊಂಡಿತು. ಇದರ ತಿರುಳು ಇಷ್ಟೇ: ನೀವು ಗೆದ್ದಿರಾ ಸೋತಿರಾ ಅನ್ನೋದಷ್ಟೇ ಅಲ್ಲ, ಯಾರ ಎದುರು ಅನ್ನೋದೂ ಮುಖ್ಯ. ಹುಡುಗಿಯ ರೇಟಿಂಗ್ 1500 ಅಂತಿಟ್ಟುಕೊಳ್ಳಿ. ಎದುರಿಗೆ 1700ರವರು ಕೂತಿದ್ದಾರೆ. 200 ಅಂಕದ ಅಂತರ ಇದ್ದಾಗ ಸಣ್ಣವರಿಂದ ನಿರೀಕ್ಷಿಸುವ ಪಾಲು ನೂರಕ್ಕೆ 24. ಹದಿನೆಂಟರೊಳಗಿನ ಮಕ್ಕಳಿಗೆ ಗುಣಕ 40. ಹಾಗಾಗಿ ಆಕೆ ಗೆದ್ದರೆ ಸುಮಾರು 30 ಅಂಕ ಬರುತ್ತೆ, ಸೋತರೆ ಹತ್ತೂ ಹೋಗಲ್ಲ. ಡ್ರಾ ಮಾಡಿಕೊಂಡರೂ ಹತ್ತು ಲಾಭ.

ಇದನ್ನೇ ತಿರುಗಿಸಿ ನೋಡಿ. ಎದುರಿಗೆ 1300ರವರು ಕೂತಿದ್ದಾರೆ. ಈಗ ಗೆದ್ದರೆ ಹತ್ತು ಅಂಕವೂ ಇಲ್ಲ. ಸೋತರೆ 30 ಹೋಯ್ತು!

ಊರಲ್ಲೇ ಕೂತು ಆಡೋ ಮಗುವಿನ ಪಾಡು ಈ ಎರಡನೇ ಲೆಕ್ಕದ್ದು. ತನಗಿಂತ ಬಲವಾದವರು ಸಿಗದಿದ್ದರೆ ರೇಟಿಂಗ್ ಏರೋದೇ ಕಷ್ಟ. ಮೊದಲ ರೇಟಿಂಗ್ ಸಿಗೋಕೂ ರೇಟಿಂಗ್ ಇರುವವರ ಎದುರು ಕನಿಷ್ಠ 5 ಆಟ ಆಡಿರಬೇಕು, ಆಟದ ಮಟ್ಟ 1400 ದಾಟಿರಬೇಕು. 1000 ಇದ್ದ ಈ ಕನಿಷ್ಠ ಮಿತಿಯನ್ನು ಫಿಡೆ 2024ರ ಮಾರ್ಚ್‌ನಲ್ಲಿ ಏರಿಸಿತು. ದೊಡ್ಡ ನಗರದ ಮಕ್ಕಳಿಗೆ ಇದೊಂದು ಮೆಟ್ಟಿಲು ಅಷ್ಟೆ. ಮಾನ್ವಿ, ದೇವದುರ್ಗದ ಮಗುವಿಗೆ ಬಾಗಿಲೇ ಒಂದು ಆಳೆತ್ತರ ಮೇಲೆ ಹೋದ ಹಾಗೆ. ಮೊಬೈಲಿನಲ್ಲಿ ಸಾವಿರ ಆಟ ಆಡಬಹುದು, ದುಡ್ಡೂ ಬೇಕಿಲ್ಲ, ಕಲಿಯೋಕೆ ಅದಕ್ಕಿಂತ ಒಳ್ಳೆಯ ಶಾಲೆಯೂ ಇಲ್ಲ. ಆದರೆ ಅಲ್ಲಿನ ಅಂಕ ಈ ಖಾತೆಗೆ ಜಮಾ ಆಗಲ್ಲ.

ಇನ್ನೊಂದು ಸಂಗತಿ ಅವರಪ್ಪನಿಗೆ ಒತ್ತಿ ಹೇಳಿದೆ. 40ರ ಗುಣಕ ಇರೋದು ಹದಿನೆಂಟು ತುಂಬುವ ವರ್ಷದ ಕೊನೆಯವರೆಗೆ, ಅದೂ 2300ರ ಒಳಗೆ ಇರೋವಷ್ಟು ದಿನ. ಆಮೇಲೆ 20. ಬೇಗ ಏರೋಕಾಗೋದು ಚಿಕ್ಕ ವಯಸ್ಸಿನಲ್ಲೇ. "ಎಸ್ಸೆಸ್ಸೆಲ್ಸಿ ಮುಗೀಲಿ, ಆಮ್ಯಾಲೆ ನೋಡೋಣ" ಅನ್ನೋದಕ್ಕೆ ಇಲ್ಲಿ ಬೆಲೆ ತೆರಬೇಕಾಗುತ್ತೆ.

ಹಾಗಾದರೆ ಗೆದ್ದವರ ಮನೆಯಲ್ಲಿ ಏನಿತ್ತು? ಗುಕೇಶ್ 12 ವರ್ಷ 7 ತಿಂಗಳಿಗೇ ಗ್ರ್ಯಾಂಡ್‌ಮಾಸ್ಟರ್, 2024ರ ಡಿಸೆಂಬರ್ 12ಕ್ಕೆ ಸಿಂಗಪುರದಲ್ಲಿ ಡಿಂಗ್ ಲಿರೆನ್ ಅವರನ್ನು ಸೋಲಿಸಿ 18ರಲ್ಲೇ ವಿಶ್ವ ಚಾಂಪಿಯನ್. ಅವರ ತಂದೆ ಕಿವಿ-ಮೂಗು-ಗಂಟಲು ತಜ್ಞರು. ಮಗನ ಜೊತೆ ಊರೂರು ತಿರುಗೋಕೆ ಪ್ರಾಕ್ಟೀಸನ್ನೇ ಬಿಟ್ಟರು. ದಿವ್ಯಾರ ತಂದೆ-ತಾಯಿ ಡಾಕ್ಟರು. 2024ರ ಡಿಸೆಂಬರ್ ಪಟ್ಟಿಯಲ್ಲಿ 2800 ದಾಟಿದ ವರಂಗಲ್‌ನ ಅರ್ಜುನ್ ಎರಿಗೈಸಿಯ ತಂದೆಯೂ ಡಾಕ್ಟರು. ಇದನ್ನು ಯಾರ ಸಾಧನೆ ಕಿರಿದು ಮಾಡೋಕೆ ಹೇಳ್ತಿಲ್ಲ. ಅಪ್ಪನೋ ಅಮ್ಮನೋ ವರ್ಷಗಟ್ಟಲೆ ಮಗುವಿನ ಹಿಂದೆ ಓಡಾಡದೆ ಈ ಆಟದಲ್ಲಿ ಮೇಲೆ ಬರೋದು ಕಷ್ಟ. ಗಿರಣಿಯಲ್ಲಿ ಲೆಕ್ಕ ಬರೆಯುವವರು ರಜೆ ಹಾಕಿದರೆ ಆ ದಿನದ ಸಂಬಳವೇ ಹೋಗುತ್ತೆ.

ಆದರೂ ಹಂಪಿಯವರ ಕತೆ ಹೇಳಿದಾಗ ಆ ಮನುಷ್ಯ ಕುರ್ಚಿಯಲ್ಲಿ ಮುಂದಕ್ಕೆ ಸರಿದರು. ದೇವದುರ್ಗದ ಪಕ್ಕದಲ್ಲಿ ಹರಿಯುವ ಕೃಷ್ಣೆಯೇ ಕೆಳಗೆ ಸಮುದ್ರ ಸೇರೋ ನಾಡಿದೆಯಲ್ಲ, ಅಲ್ಲಿನ ಗುಡಿವಾಡ ಅವರ ಊರು. ಮಹಾನಗರವೇನಲ್ಲ. ತಂದೆ ಅಶೋಕ್ ಮೇಷ್ಟ್ರಾಗಿದ್ದವರು, ಕೆಲಸ ಬಿಟ್ಟು ತಾವೇ ಮಗಳಿಗೆ ಕೋಚ್ ಆದರು. 2002ರಲ್ಲಿ, 15 ತುಂಬಿ ಎರಡು ತಿಂಗಳೂ ಆಗಿರಲಿಲ್ಲ, ಆಕೆ ಗ್ರ್ಯಾಂಡ್‌ಮಾಸ್ಟರ್. ಮುಂದೆ ಓಎನ್‌ಜಿಸಿಯಲ್ಲಿ ಉದ್ಯೋಗ. ಮದುವೆಯಾಗಿ, ಮಗಳು ಹುಟ್ಟಿದ ಮೇಲೆ 2019ರಲ್ಲಿ ಒಮ್ಮೆ, 2024ರಲ್ಲಿ ಇನ್ನೊಮ್ಮೆ ವಿಶ್ವ ರ್‍ಯಾಪಿಡ್ ಪ್ರಶಸ್ತಿ.

"ಹಂಗಾರ ನೌಕರಿ ಸಿಗ್ತದೇನ್ರಿ?" ಅವರು ಹಿಡಿದುಕೊಂಡಿದ್ದು ಇದೊಂದನ್ನೇ. ತಪ್ಪೇನಿಲ್ಲ, ಚೆಸ್ ಆಟಗಾರರ ಬದುಕು ನಿಂತಿರೋದೂ ಬಹುತೇಕ ಇದರ ಮೇಲೇ. ವಿಶ್ವ ಚಾಂಪಿಯನ್‌ಶಿಪ್‌ನ 25 ಲಕ್ಷ ಡಾಲರ್ ಬಹುಮಾನ ಇಬ್ಬರಿಗೆ ಮಾತ್ರ. ಉಳಿದವರಿಗೆ ರೈಲ್ವೆ, ತೈಲ ಕಂಪನಿಗಳ ಕ್ರೀಡಾ ಕೋಟಾ, ಇಲ್ಲವೇ ಮಕ್ಕಳಿಗೆ ಕೋಚಿಂಗ್. 2017ರಲ್ಲಿ ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದ ಮೈಸೂರಿನ ಎಂ.ಎಸ್. ತೇಜಕುಮಾರ್ ರೈಲ್ವೆ ನೌಕರರು. ಮೂವತ್ತು ದಾಟಿದ ಮೇಲೆ, ಕೆಲಸ ಮಾಡಿಕೊಂಡೇ ಪದವಿ ಪಡೆದರು. ನನ್ನನ್ನು ಕೇಳಿದರೆ ಗುಕೇಶ್‌ಗಿಂತ ಈ ಕತೆಯನ್ನು ನಾವು ಹೆಚ್ಚು ತೋರಿಸಬೇಕಿತ್ತು. ತೋರಿಸಲಿಲ್ಲ, ಅದು ನಮ್ಮ ತಪ್ಪು.

ಅವರ ಹಿಂದೆ ಶಿವಮೊಗ್ಗದ ಸ್ಟ್ಯಾನಿ, ಮೈಸೂರಿನ ಗಿರೀಶ್ ಕೌಶಿಕ್ ಬಂದರು. 2022ರಲ್ಲಿ ಬೆಂಗಳೂರಿನ ಪ್ರಣವ್ ಆನಂದ್ 16 ವರ್ಷದೊಳಗಿನವರ ವಿಶ್ವ ಪ್ರಶಸ್ತಿ ಗೆದ್ದ ಟೂರ್ನಿಯಲ್ಲೇ ಪದವಿಯನ್ನೂ ಗಳಿಸಿದರು. ಈ ಮೂರು ಊರುಗಳಲ್ಲಿ ಒಂದೂ ನಮ್ಮ ಎಡೆದೊರೆ ನಾಡಿನದಲ್ಲ. ತಮಾಷೆ ನೋಡಿ, 12ನೇ ಶತಮಾನದಲ್ಲಿ ಕಲ್ಯಾಣದಿಂದ ಆಳಿದ ಚಾಲುಕ್ಯ ದೊರೆ ಮೂರನೇ ಸೋಮೇಶ್ವರ ತನ್ನ ಮಾನಸೋಲ್ಲಾಸದಲ್ಲಿ ಚದುರಂಗದ ಬಗ್ಗೆ ಬರೆದಿದ್ದಾನೆ. ಕಲ್ಯಾಣ ಕರ್ನಾಟಕಕ್ಕೆ ಈ ಆಟ ಹೊಸದಲ್ಲ, ರೇಟಿಂಗ್ ಇರೋ ಎದುರಾಳಿ ಮಾತ್ರ ದೂರ.

ಆ ಎದುರಾಳಿಯನ್ನೇ ಇಲ್ಲಿಗೆ ಕರೆಸಬಹುದು. ರಾಯಚೂರಿನಲ್ಲಿ ವರ್ಷಕ್ಕೆ ಮೂರು ಫಿಡೆ ರೇಟಿಂಗ್ ಟೂರ್ನಿ ಅಂತ ಗಟ್ಟಿ ಮಾಡಿಕೊಂಡರೆ ಹೈದರಾಬಾದ್, ಬಳ್ಳಾರಿ, ಕರ್ನೂಲಿನವರು ಇಲ್ಲಿಗೇ ಬರ್ತಾರೆ. ಒಂದು ಹಾಲ್, ಟೇಬಲ್ಲು, ಗಡಿಯಾರ, ತೀರ್ಪುಗಾರರು ಸಾಕು, ಸ್ಟೇಡಿಯಂ ಬೇಕಿಲ್ಲ. ಅದಾಗುವವರೆಗೆ ಮಕ್ಕಳೇ ಹೋಗಬೇಕು. ಮುಂಬೈ–ಚೆನ್ನೈ ರೈಲು ಮಾರ್ಗ ರಾಯಚೂರಿನ ಮೇಲೇ ಹೋಗುತ್ತೆ. ಭಾರತದ ಚೆಸ್ ರಾಜಧಾನಿಗೆ ಇಲ್ಲಿಂದ ನೇರ ಗಾಡಿ ಇದೆ, ಬೆಂಗಳೂರಿಗೆ ಉದ್ಯಾನ್ ಎಕ್ಸ್‌ಪ್ರೆಸ್ ಇದೆ.

ಅಪ್ಪನಿಗೆ ನಾನು ಕೊಟ್ಟ ಉತ್ತರ ಇದು: ಅಖಿಲ ಭಾರತ ಚೆಸ್ ಒಕ್ಕೂಟದಲ್ಲಿ ಮಗಳ ಹೆಸರು ನೋಂದಾಯಿಸಿ. ಶಾಲೆ ಬಿಡಿಸಬೇಡಿ, ಸಾಲ ಮಾಡಬೇಡಿ. ಎರಡು ವರ್ಷ, ರಜೆಯಲ್ಲಿ ಮಾತ್ರ, ಹತ್ತಿರದ ಟೂರ್ನಿಗಳಿಗೆ ಕರೆದುಕೊಂಡು ಹೋಗಿ. 1400 ಬಂದ ಮೇಲೆ ಮುಂದಿನ ಮಾತು.

ಅಷ್ಟು ಹೊತ್ತೂ ಹುಡುಗಿ ನಮ್ಮಿಬ್ಬರ ಮಾತು ಕೇಳ್ತಾನೇ ಇರಲಿಲ್ಲ. ಬಿಲ್ಲನ್ನು ತನ್ನ ಕಡೆ ಎಳೆದುಕೊಂಡು ಏನೋ ಗೀಚುತ್ತಿದ್ದಳು. ಕೊನೆಗೆ ತಲೆ ಎತ್ತಿ ಕೇಳಿದಳು: "ಅಂಕಲ್, ಎದುರಿಗೆ ಇದ್ದವರು ನನಗಿಂತ 400 ಹೆಚ್ಚು ಇದ್ರ ಎಷ್ಟ್ ಬರ್ತಾವ್ರಿ?"

ಸುಮಾರು 37 ಅಂದೆ. ಬರೆದುಕೊಂಡಳು.