ಮುತ್ತಮ್ಮ ಆ ಕೇಸ್ ಗೆಲ್ಲಲಿಲ್ಲ

ಮಡಿವಾಳದ ಪಿಜಿಗಳಲ್ಲಿ ಸಿವಿಲ್ ಸರ್ವಿಸ್ ಪರೀಕ್ಷೆಗೆ ಓದುತ್ತಿರುವ ಹುಡುಗಿಯರನ್ನು ಕೇಳಿ, ವಿರಾಜಪೇಟೆಯ ಸಿ.ಬಿ. ಮುತ್ತಮ್ಮ ಯಾರು ಅಂತ. ವಿದೇಶಾಂಗ ಸೇವೆ ಸೇರಿದ ಮೊದಲ ಮಹಿಳೆ, ಸುಪ್ರೀಂ ಕೋರ್ಟಿನಲ್ಲಿ ಸರ್ಕಾರದ ಮೇಲೆ ಕೇಸ್ ಗೆದ್ದವರು ಎನ್ನುತ್ತಾರೆ. ಮೊದಲನೆಯದು ನಿಜ. ಎರಡನೆಯದು ನಿಜವಲ್ಲ. 1979ರ ಸೆಪ್ಟೆಂಬರ್‌ನಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅವರಿದ್ದ ಪೀಠ ಮುತ್ತಮ್ಮನವರ ಅರ್ಜಿಯನ್ನು ವಜಾ ಮಾಡಿತು.

ವಜಾ ಮಾಡಿದ್ದು ಯಾಕೆ? ಬಡ್ತಿ ತಪ್ಪಿಸಿದ್ದಾರೆ, ನಿಯಮಗಳೇ ಹೆಂಗಸರ ವಿರುದ್ಧ ಇವೆ ಎಂದು ಅವರು ಕೋರ್ಟಿಗೆ ಹೋದರು. ಕೇಸ್ ನಡೆಯುತ್ತಿರುವಾಗಲೇ ಸರ್ಕಾರ ಬಡ್ತಿ ಕೊಟ್ಟುಬಿಟ್ಟಿತು. ವಿವಾಹಿತೆಗೆ ನೇಮಕದ ಹಕ್ಕಿಲ್ಲ ಎನ್ನುವ ನಿಯಮವನ್ನು 1973ರಲ್ಲೇ ತೆಗೆದಿದ್ದೇವೆ, ಮದುವೆಗೆ ಸರ್ಕಾರದ ಲಿಖಿತ ಅನುಮತಿ ಬೇಕೆನ್ನುವ ನಿಯಮವನ್ನೂ ತೆಗೆಯುತ್ತಿದ್ದೇವೆ ಎಂದು ಹೇಳಿತು. ಹೀಗಾಗಿ ಕೋರ್ಟ್ ಆ ನಿಯಮಗಳನ್ನು ರದ್ದು ಮಾಡುವ ಪ್ರಸಂಗವೇ ಬರಲಿಲ್ಲ. ಅರ್ಜಿ ವಜಾ ಆದರೂ ಸಮಸ್ಯೆ ವಜಾ ಆಗಿಲ್ಲ ಎಂದ ಕೃಷ್ಣ ಅಯ್ಯರ್, ಸಂಸಾರದ ಹೊರೆ ಹೆಂಗಸಿನ ಕೆಲಸಕ್ಕೆ ಅಡ್ಡಿಯಾದರೆ ಗಂಡಸಿನ ಕೆಲಸಕ್ಕೂ ಆಗಬೇಕಲ್ಲವೇ ಎಂದು ಕೇಳಿದರು. ಸೇವಾ ನಿಯಮಗಳನ್ನೆಲ್ಲ ತಿದ್ದಿ, ಮುತ್ತಮ್ಮನವರ ಜ್ಯೇಷ್ಠತೆಯನ್ನು ಮತ್ತೆ ಪರಿಶೀಲಿಸಿ ಎಂದು ಸರ್ಕಾರಕ್ಕೆ ಹೇಳಿದರು. ಅದೇ ತೀರ್ಪಿನಲ್ಲಿ, ಎಲ್ಲ ಉದ್ಯೋಗಗಳಲ್ಲೂ ಗಂಡು ಹೆಣ್ಣು ಸಮಾನ ಎಂದು ತಾವು ಹೇಳುತ್ತಿಲ್ಲ ಎಂಬ ಮಾತೂ ಇದೆ. ಅದನ್ನು ಯಾರೂ ನೆನಪಿಸಿಕೊಳ್ಳುವುದಿಲ್ಲ.

ಗೆದ್ದರು ಅಂದರೆ ತಪ್ಪೇನು ಎನ್ನುವವರ ಮೇಲೆ ನನಗೆ ಸಿಟ್ಟು ಬರುತ್ತದೆ. ಕೋರ್ಟ್ ಕರುಣಿಸಿತು ಎಂದುಕೊಂಡರೆ ಮುತ್ತಮ್ಮ ಮಾಡಿದ್ದೇ ಮರೆಯಾಗುತ್ತದೆ. ಕೆಲಸದಲ್ಲಿದ್ದುಕೊಂಡೇ ತನ್ನ ಇಲಾಖೆಯನ್ನು ಕಟಕಟೆಗೆ ಎಳೆದರು. ತೀರ್ಪು ಬರುವ ಮೊದಲೇ ಸರ್ಕಾರ ಬಡ್ತಿ ಕೊಟ್ಟಿತು.

ಬ್ರಿಟಿಷರು ಬಿಟ್ಟುಹೋದ ನಿಯಮ ಎನ್ನುವುದು ಇನ್ನೊಂದು ಮಾತು. ಅವು 1961ರ ನಿಯಮಗಳು, ನಾವೇ ಬರೆದದ್ದು. ದೇಶದ ಮೊದಲ ಮಹಿಳಾ ರಾಯಭಾರಿ ಮುತ್ತಮ್ಮ ಎನ್ನುವುದೂ ತಪ್ಪು. 1947ರಲ್ಲೇ ಮಾಸ್ಕೋಗೆ ಹೋದ ವಿಜಯಲಕ್ಷ್ಮಿ ಪಂಡಿತ್ ಮೊದಲಿಗರು. ಆದರೆ ಅವರು ರಾಜಕೀಯದಿಂದ ಬಂದವರು. ಪರೀಕ್ಷೆ ಬರೆದು ಸೇವೆಯೊಳಗಿಂದಲೇ ಆ ಹುದ್ದೆಗೇರಿದವರಲ್ಲಿ ಮುತ್ತಮ್ಮ ಮೊದಲು, 1970ರಲ್ಲಿ ಹಂಗೇರಿಗೆ.

ಈ ತೀರ್ಪು ಕೆಲವೇ ಪುಟಗಳದ್ದು, ದುಡ್ಡು ಕೊಡದೆ ಮೊಬೈಲಿನಲ್ಲೇ ಓದಬಹುದು. ಆದರೂ ಒಂದು ಗೈಡ್ ಇನ್ನೊಂದನ್ನು ನೋಡಿ ಬರೆಯುತ್ತದೆ, ರೀಲ್ಸ್ ಮಾಡುವವರು ಗೈಡ್ ನೋಡಿ ಹೇಳುತ್ತಾರೆ, ಮಕ್ಕಳು ಅದನ್ನೇ ಉರು ಹೊಡೆಯುತ್ತಾರೆ. ಸಂವಿಧಾನದ 14ನೇ ವಿಧಿಗೆ ಉದಾಹರಣೆ ಕೊಡುವವರು ಕೂಡ ಕೊನೆಯ ಪ್ಯಾರಾ ತೆರೆದು ನೋಡುವುದಿಲ್ಲ. ಕೇಸ್ ಹಾಕಿ ಬೇಸತ್ತು ಕೆಲಸ ಬಿಟ್ಟರು ಎಂದೂ ಹೇಳುವವರಿದ್ದಾರೆ. ಇಲ್ಲ, ತೀರ್ಪಿನ ನಂತರವೂ ಸೇವೆಯಲ್ಲಿದ್ದು 1982ರಲ್ಲಿ ನಿವೃತ್ತರಾದರು.